ಎರಡನೇ ಸಲದ ಅಳು

ಅಪ್ಪಯ್ಯಾ,

ಅಮ್ಮ ಹೋದ ದಿನ ಅಡಾಜಣ್‌ನ ನಮ್ಮ ಮನೆಯಲ್ಲಿ ಕ್ಯಾಮೆರಾ ಹಿಡಿದು ನಿಂತವರು ನೀವೇ. ಕುಂದಾಪುರದಿಂದ ಅಜ್ಜಿ ಸೂರತ್ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿರುತ್ತಿತ್ತು. ಊರಿಗೆ ಕ್ಯಾಸೆಟ್ ಕಳಿಸುವುದು ಇಲ್ಲಿಯ ನಮ್ಮವರ ರೂಢಿ. ಮದುವೆ ವಿಡಿಯೊ ತೆಗೆಯುವವರ ಮನೆಯ ಸಾವಿಗೆ ಬೇರೆಯವರನ್ನು ಕರೆಯುತ್ತಾರೆಯೇ? ನಾನು ಅಮ್ಮನ ಕಾಲು ಹಿಡಿದು ಅತ್ತೆ. ಕಣ್ಣೊರೆಸಿಕೊಳ್ಳುವಾಗ ನೀವು, “ಬೆಳ್ಕ್ ಸಾಕಾಯ್ಲಿಲ್ಲ ಮಗಾ. ಇನ್ನೊಂದ್ಸಲ ಕಾಲ್ ಹಿಡ್ಕೊ ಕಾಂಬ” ಎಂದಿರಿ. ಹದಿಮೂರರ ಹುಡುಗಿ, ಅಪ್ಪನ ಮಾತು ಮೀರುವುದುಂಟೆ? ಮತ್ತೆ ಹಿಡಿದುಕೊಂಡೆ, ಮತ್ತೆ ಅತ್ತೆ.

ಎರಡು ದೀಪಾವಳಿ ಕಳೆದ ಮೇಲೆ ಪಕ್ಕದ ಮನೆಯಲ್ಲಿ ಟಿವಿ ನೋಡುತ್ತ ಕೂತಿದ್ದೆ. ಧಾರಾವಾಹಿಯಲ್ಲಿ ಒಬ್ಬ ದುಷ್ಟ ಜಮೀನ್ದಾರ ಸತ್ತ. ಅವನಿಗಾಗಿ ಅಳುತ್ತಿದ್ದವಳು ನಾನು. ಅವನ ಹೆಣವಾಗಿ ಮಲಗಿದ್ದವಳು ಬಿಳಿ ಬಟ್ಟೆಯ ಕೆಳಗಿನ ನನ್ನ ಅಮ್ಮ. ಟಿವಿಯಲ್ಲಿ ಬಂದೆನಲ್ಲ ಎಂದು ಪಕ್ಕದ ಮನೆಯವರು ನನಗೆ ಪೇಡಾ ತಿನ್ನಿಸಿದರು. ಮನೆಗೆ ಬಂದು ಕೇಳಿದರೆ ನೀವು ತಲೆಯನ್ನೂ ಎತ್ತಲಿಲ್ಲ. “ಅವ್ರಿಗೆ ಅಳು ಬೇಕಿತ್, ನಮ್ಮತ್ರ ಇದ್ದಿತ್. ಕಪಾಟಂಗೆ ಇಟ್ಕಂಡ್ ಎಂತ ಮಾಡೂದ್?”

ಹಳೆಯ ದೃಶ್ಯಗಳನ್ನು ಟಿವಿಯವರಿಗೆ ಕೊಡುವ ಈ ಕಸುಬು ಕಲಿಸುವಾಗ ನೀವು ಹೇಳುತ್ತಿದ್ದಿರಿ: ಕಾಪಿ ಮಾತ್ರ ಕೊಡು, ಮೂಲ ಕ್ಯಾಸೆಟ್ ಕೈಬಿಡಬೇಡ, ಒಂದೇ ಧಾರಾವಾಹಿಗೆ ಎಂದು ಬರೆಸಿಕೋ. ಹೇಳುವುದು ಶಾಸ್ತ್ರ, ಇಕ್ಕುವುದು ಗಾಳ. ಅಮ್ಮನ ವಿಷಯದಲ್ಲಿ ಮಾತ್ರ ಮೂಲವನ್ನೇ ಕೊಟ್ಟುಬಿಟ್ಟಿರಿ, ಎಲ್ಲ ಹಕ್ಕು ಸಮೇತ, ಸದಾಕಾಲಕ್ಕೆ. ಅಜ್ಜಿಗೆ ಕಳಿಸಿದ ಕಾಪಿ ಬೂಸ್ಟು ಹಿಡಿದು ಹಾಳಾಯಿತು. ಬೇರೆ ಎಲ್ಲಿದ್ದಾಳೆ ಅವಳು? ಊರೆಲ್ಲರ ಮದುವೆ ತೆಗೆದಿರಿ. ಬದುಕಿದ್ದಾಗ ಒಂದು ಸಲವಾದರೂ ಅವಳ ಕಡೆ ಕ್ಯಾಮೆರಾ ತಿರುಗಿಸಿದ್ದರೆ…

ನೀವು ಹೋದ ದಿನ ನಾನೂ ಕ್ಯಾಮೆರಾ ಇಟ್ಟೆ, ಸ್ಟ್ಯಾಂಡಿನ ಮೇಲೆ. ಊರಿನವರು ಕ್ಯಾಸೆಟ್ ಕೇಳಿದ್ದರು. ಬೆಳಕು ಚೆನ್ನಾಗಿಯೇ ಇತ್ತು, ಚಿಂತೆ ಬೇಡ.

ನಿಮಗೆ ಗೊತ್ತಿಲ್ಲದ ಸುದ್ದಿ ಇದು. ಕಳೆದ ವಾರ ಆ ಕ್ಯಾಸೆಟ್ ಹಿಡಿದುಕೊಂಡು ಅಹಮದಾಬಾದಿಗೆ ಹೋದೆ. ಅಮ್ಮನನ್ನು ಕೊಂಡ ನಿರ್ಮಾಪಕರ ಆಫೀಸು ಈಗ ಅಲ್ಲಿಯ ವಸ್ತ್ರಾಪುರದಲ್ಲಿದೆ. ಹೊಸ ಸಾವು ಕೊಡುತ್ತೇನೆ, ಹಳೆಯದನ್ನು ವಾಪಸು ಕೊಡಿ ಎಂದೆ. ನಿಮ್ಮನ್ನು ಬದಲಿಗೆ ಕೊಡಲು ನನಗೆ ಒಂದಿಷ್ಟೂ ಸಂಕಟವಾಗಲಿಲ್ಲ ಅಪ್ಪಯ್ಯಾ. ಅವರು ಒಪ್ಪಿದರು, ಚಹಾ ತರಿಸಿದರು, ನಿಮ್ಮನ್ನು ಚಟ್ಟಕ್ಕೆ ಏರಿಸುವವರೆಗೂ ನೋಡಿದರು. ಆಮೇಲೆ ಕ್ಯಾಸೆಟ್ ತೆಗೆದು ನನ್ನ ಕೈಗಿಟ್ಟರು.

“ಆಮಾಂ ತೋ ಕೋಯಿ ರಡತುಂ ನಥಿ, ಬೇನ್.”

ಇದರಲ್ಲಿ ಯಾರೂ ಅಳುತ್ತಿಲ್ಲವಲ್ಲ ತಂಗಿ, ಎಂದು.

ಅಮ್ಮ ಅವರ ಕಪಾಟಿನಲ್ಲೇ ಉಳಿದಳು. ಊರಿಗೆ ನಿಮ್ಮ ಕಾಪಿ ಕಳಿಸುವುದಿಲ್ಲ. ನಾಳೆ ಪಾಂಡೇಸರಾದಲ್ಲಿ ಒಂದು ಮದುವೆಯಿದೆ, ಆ ಕ್ಯಾಸೆಟ್ಟಿನಲ್ಲಿ ನಿಮ್ಮ ಮೇಲೆಯೇ ಅದನ್ನು ತೆಗೆಯುತ್ತೇನೆ. ಟೇಪು ದಂಡ ಮಾಡಬಾರದು ಎಂದು ಕಲಿಸಿದವರೂ ನೀವೇ ತಾನೆ?

ಮಗಳು ಅಳಲಿಲ್ಲವೆಂದು ಬೇಸರ ಬೇಡ. ಅಂದು ಎರಡು ಸಲ ಅತ್ತಿದ್ದೆನಲ್ಲ, ಮೊದಲನೆಯದು ಅಮ್ಮನದು. ಎರಡನೆಯದನ್ನು ನೀವು ಇಟ್ಟುಕೊಳ್ಳಿ.