ರೊಟ್ಟಿಯ ಮೇಲಿನ ಮೀನು

ಶಿರಹಟ್ಟಿ, ಡಿಸೆಂಬರ್ ೧೯೫೬

ತೀರ್ಥರೂಪ ಅಪ್ಪನಿಗೆ ಮಂಜವ್ವನ ನಮಸ್ಕಾರ.

ನನ್ನ ಬಯಕೆಗೆಂದು ನೀನು ಮಾಗಡಿ ಕೆರೆಯ ಮೀನು ಹುರಿದು, ಜೋಳದ ರೊಟ್ಟಿಯ ಮೇಲೆ ಹರವಿ, ಆ ಚಳಿಯಲ್ಲಿ ನಡೆದು ತಂದಿದ್ದೆ. ಮಾವ ದೀಕ್ಷೆ ಪಡೆದ ಮೇಲೆ ಈ ಮನೆಗೆ ಮೀನು ಬರುವುದಿಲ್ಲ. ಬಸುರಿಗಾದರೆ ನಡೆಯುತ್ತದೆ ಅಂದುಕೊಂಡಿದ್ದೆ ನೀನು. ಅತ್ತೆ ಹೊಸ್ತಿಲಲ್ಲೇ ತಡೆದಳು.

"ನಾಡು ಒಂದಾತ್ರಿ ಬೀಗ್ತಿಯವರ, ನಮ್ಮ ನಿಮ್ಮ ಒಲಿ ಯಾವಾಗ ಒಂದಾಗೋದು?" ಎಂದು ನೀನು ನಕ್ಕೆ.

"ಒಲಿಗಿ ಸರಕಾರ ಇಲ್ಲ. ಬುತ್ತಿ ಹೊಳ್ಳಿ ಒಯ್ರಿ" ಎಂದಳು.

ನೀನು ನೀರೂ ಕುಡಿಯದೆ ಹೋದೆ. ಹಾಗೆ ಹೋದದ್ದು ನನಗಿನ್ನೂ ಮರೆಯಲಾಗಿಲ್ಲ.

ಅತ್ತೆಯೂ ಅಂದಿನಿಂದ ಸರಿಯಾಗಿ ಉಂಡಿಲ್ಲ. ನಿನ್ನೆ ಹಿತ್ತಲಲ್ಲಿ ಮೆಲ್ಲಗೆ ಕೇಳಿದಳು: "ನಿಮ್ಮಪ್ಪ ಹುಣಸಿಹುಳಿ ಹಚ್ಚಿ ಹುರಿತಾನೇನ? ನಮ್ಮವ್ವನೂ ಹಂಗ ಹುರಿತಿದ್ಲು. ಅಂವ ಇನ್ನೊಂದೀಟು ನಿಂತಿದ್ರ ನಾನ ಕೈ ಚಾಚತಿದ್ದೆ. ಅದಕ್ಕ ಜಲ್ದಿ ಕಳಿಸಿದೆ."

ಬರುವ ರವಿವಾರ ಮಾವ ಲಕ್ಷ್ಮೇಶ್ವರಕ್ಕೆ ಹೋಗುತ್ತಾರೆ. ಹೊತ್ತೇರಿದ ಮೇಲೆ ನಾವಿಬ್ಬರೂ ಹೊಲದ ಬಾವಿಯ ಹತ್ತಿರ ಇರುತ್ತೇವೆ. ರೊಟ್ಟಿ ನಾವು ತರುತ್ತೇವೆ, ನೀನು ಮೀನಷ್ಟೇ ತಾ.

ಅತ್ತೆಯ ಪಾಲಿನ ಮುಳ್ಳು ನೀನೇ ತೆಗೆದು ತಾ. ಮುಳ್ಳು ಬಿಡಿಸುವ ರೂಢಿ ಅವಳಿಗೆ ತಪ್ಪಿಹೋಗಿದೆ.

ನಿನ್ನ ದಾರಿ ನೋಡುವ ಮಗಳು,
ಮಂಜವ್ವ