ಅಮ್ಮನ ಎಡಗಣ್ಣು

ಮಾರ್ಚ್ 2. ಬೆಳಿಗ್ಗೆ 7.35

ಬಲಗಣ್ಣು ಒಂದೇ ಸಲಕ್ಕೆ ಬಂತು. ಎಡಗಣ್ಣು ಎಂದಿನಂತೆ ಕೈಕೊಟ್ಟಿತು. ತುದಿಗೆ ಬರುವಾಗ ಗೆರೆ ಜಾರಿ ಕೆಳಗಿಳಿಯಿತು. ಒದ್ದೆ ಹತ್ತಿಯಿಂದ ಒರೆಸಿ ಮತ್ತೆ ಹಚ್ಚಿದೆ. ಮತ್ತೆ ಅಲ್ಲಿಗೇ ಇಳಿಯಿತು. ಬಿಟ್ಟುಬಿಟ್ಟೆ. ಅಮ್ಮನಿಗೆ ಹೇಗೂ ಕಾಣುವುದಿಲ್ಲ. ಎರಡೂ ಕಣ್ಣಿಗೆ ಪೊರೆ, ಎಡಕ್ಕೆ ಜಾಸ್ತಿ.

ಅಮ್ಮನ ಕೈ ನಡುಗಲು ಶುರುವಾಗಿ ನಾಲ್ಕು ವರ್ಷ. ಅಂದಿನಿಂದ ಅವಳ ಕಾಡಿಗೆ ನನ್ನ ಕೆಲಸ. ಕಿಟಕಿ ಪಕ್ಕ ಸ್ಟೂಲು. ಹಳೆಯ ಡಬ್ಬಿ. ಉಂಗುರದ ಬೆರಳಲ್ಲೇ ಹಚ್ಚಬೇಕು — ಅದಕ್ಕೆ ಜೋರು ಕಮ್ಮಿಯಂತೆ, ಕಣ್ಣಿಗೆ ನೋವಾಗುವುದಿಲ್ಲವಂತೆ. ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಮೂವತ್ತೊಂದು ವರ್ಷ ಕೂತವಳು, ಒಂದು ದಿನವೂ ಬರಿಗಣ್ಣಲ್ಲಿ ಹೋಗಲಿಲ್ಲ. "ಫೋನಲ್ಲಿ ಯಾರಿಗಮ್ಮಾ ಕಾಣುತ್ತೆ ನಿನ್ನ ಕಣ್ಣು?" ಅಂದರೆ, "ನನಗೆ ಗೊತ್ತಿರುತ್ತಲ್ಲ" ಅನ್ನುತ್ತಾಳೆ.

ಇವತ್ತು ಅತ್ತಿಗೆ ಟೀ ಹಿಡಿದು ಬಾಗಿಲಲ್ಲಿ ನಿಂತಿದ್ದಳು. ಅಣ್ಣ ನಲವತ್ನಾಲ್ಕಕ್ಕೆ ಮದುವೆಯಾಗಿ ಕರೆತಂದ ಹೆಂಡತಿ. ಮನೆಗೆ ಬಂದು ಮೂರು ವಾರ. ಸ್ಕೂಲಲ್ಲಿ ಡ್ರಾಯಿಂಗ್ ಟೀಚರ್.

"ಎಡಗಡೆ ಸ್ವಲ್ಪ ಇಳೀತೇನೋ" ಅಂದಳು.

ಕೇಳಿದವರು ಯಾರು?

ಮಾರ್ಚ್ 4

ಕನ್ನಡಕದ ಅಂಗಡಿಯಲ್ಲಿ ಸ್ಟಾಕ್ ಚೆಕ್. ಆರೂವರೆಗೇ ಹೊರಟಿದ್ದೆ. ಸಂಜೆ ಬಂದು ನೋಡಿದರೆ ಅಮ್ಮನ ಕಣ್ಣಲ್ಲಿ ಕಾಡಿಗೆ. ದಾರದೆಳೆಯಷ್ಟು ಸಣ್ಣ. ಎರಡೂ ಕಡೆ ಒಂದೇ ಸಮ. ಅಮ್ಮ ಹತ್ತು ವರ್ಷ ಚಿಕ್ಕವಳಾಗಿದ್ದಳು.

"ಇವಳು ಬ್ರಷ್‌ನಲ್ಲಿ ಹಚ್ಚಿದ್ಲು ಕಣೇ. ಚಿತ್ರ ಬರೀತಾರಲ್ಲ, ಅದು. ಕಚಗುಳಿ ಇಟ್ಟಂಗಾಯ್ತು."

ಬ್ರಷ್ಷಂತೆ. ಉಂಗುರದ ಬೆರಳಿನ ಪಾಠವೆಲ್ಲ ನನಗೊಬ್ಬಳಿಗೆ ಮಾತ್ರ.

"ಚೆನ್ನಾಗಿದೆ" ಅಂದೆ. ಅತ್ತಿಗೆ ನಕ್ಕಳು. ನಾನೂ ಹಲ್ಲು ತೋರಿಸಿದೆ.

ಮಾರ್ಚ್ 5. ಬೆಳಿಗ್ಗೆ

ಡಬ್ಬಿ ಹಿಡಿದು ಹೋದೆ. ಅಮ್ಮ ಆಗಲೇ ಸ್ಟೂಲ್ ಮೇಲೆ ಕೂತಿದ್ದಳು. ಎದುರಿಗೆ ಅತ್ತಿಗೆ.

"ನಿಂಗೆ ಬಸ್ಸಿಗೆ ಅವಸರ ಅಲ್ವೇನೇ, ಪುಟ್ಟಿ. ಇವಳದ್ದು ಸ್ಕೂಲು ಒಂಬತ್ತೂವರೆಗೆ. ನೀನು ಆರಾಮಾಗಿ ತಿಂಡಿ ತಿನ್ನು."

ಆರಾಮಾಗಿ ತಿಂದೆ. ಬಸ್ಸಿಗೆ ಹತ್ತು ನಿಮಿಷ ಮೊದಲೇ ಹೋಗಿ ನಿಂತೆ.

ಮಾರ್ಚ್ 8. ಭಾನುವಾರ

ಬರೆಯದಿದ್ದರೆ ತಲೆ ಸಿಡಿಯುತ್ತದೆ.

ಕಾಡಿಗೆ ಹಚ್ಚುವುದು ನಾಲ್ಕು ನಿಮಿಷದ ಕೆಲಸ. ಆ ನಾಲ್ಕು ನಿಮಿಷ ಅಮ್ಮ ಕದಲುವಂತಿಲ್ಲ, ಹಾಗಾಗಿ ಮಾತಾಡುತ್ತಾಳೆ. ಬೇರೆ ಹೊತ್ತಲ್ಲಿ ಹೇಳದ್ದೆಲ್ಲ ಆಗ ಹೇಳುತ್ತಾಳೆ. ಎಕ್ಸ್‌ಚೇಂಜಿನ ಕಥೆ ಹಾಗೇ ಗೊತ್ತಾಗಿದ್ದು — ಯಾರೋ ಇಬ್ಬರು ಲೈನಿನಲ್ಲಿ ಕಿತ್ತಾಡುತ್ತಿದ್ದರಂತೆ, ಇವಳು ಕದ್ದು ಕೇಳಿ, ತಡೆಯಲಾರದೆ ಲೈನ್ ಕಟ್ ಮಾಡಿದಳಂತೆ. "ತಣ್ಣಗಾಗ್ಲಿ ಅಂತ" ಎಂದು ಹೇಳಿ ನಗುವಾಗ ಗೆರೆ ಕೆಡುತ್ತಿತ್ತು. ಅಣ್ಣನಿಗೂ ಗೊತ್ತಿರದ ಕಥೆ. ನನ್ನದು ಅಂದುಕೊಂಡಿದ್ದೆ.

ಇವತ್ತು ಅದನ್ನೇ ಅತ್ತಿಗೆಗೆ ಹೇಳುತ್ತಿದ್ದಳು. ಅಡುಗೆಮನೆಯಲ್ಲಿ ಪಾತ್ರೆ ತೊಳೆಯುತ್ತಿದ್ದವಳು ನಲ್ಲಿ ನಿಲ್ಲಿಸಿದೆ.

"ಮಾರನೇ ದಿನ ಆ ಗಂಡಸು ಎಕ್ಸ್‌ಚೇಂಜಿಗೇ ಬಂದ. ಯಾವಳ್ರೀ ಅದು ಲೈನ್ ಕತ್ತರಿಸಿದ್ದು ಅಂತ. ನಾನೇ ಅಂದೆ. ಬೈಯೋಕೆ ಬಂದೋನು ನನ್ನ ಕಣ್ಣು ನೋಡ್ಕೊಂಡು ಹಂಗೇ ನಿಂತುಬಿಟ್ಟ. ಅವರೇ ನಿಮ್ಮ ಮಾವ."

ಅತ್ತಿಗೆ ಬ್ರಷ್ ಕೆಳಗಿಟ್ಟು ನಗುತ್ತಿದ್ದಳು. ಅಮ್ಮನೂ.

ನನ್ನಪ್ಪ! ನಾಲ್ಕು ವರ್ಷ ಬೆರಳು ಕಪ್ಪು ಮಾಡಿಕೊಂಡವಳಿಗೆ ಅರ್ಧ ಕಥೆ. ನಾಲ್ಕು ದಿನ ಬ್ರಷ್ ಹಿಡಿದವಳಿಗೆ ಪೂರ್ತಿ. ಹೊಟ್ಟೆ ಉರಿ ಅಂದರೆ ಮಾತಿಗೆ ಅನ್ನುವುದು ಎಂದುಕೊಂಡಿದ್ದೆ. ನಿಜಕ್ಕೂ ಉರಿಯುತ್ತದೆ, ಎದೆಯ ಸ್ವಲ್ಪ ಕೆಳಗೆ.

ಮಾರ್ಚ್ 10. ಅಂಗಡಿ, ಊಟದ ಹೊತ್ತು

ಎಡಗೈ ಮೇಲೆ ಮಾರ್ಕರ್ ಪೆನ್ನಿನಿಂದ ಗೆರೆ ಎಳೆದು ನೋಡಿದೆ. ಹನ್ನೆರಡು ಗೆರೆ. ಎಲ್ಲ ನೆಟ್ಟಗೆ! ಇದೇ ಕೈ ದಿನಕ್ಕೆ ಮೂವತ್ತು ಕನ್ನಡಕಕ್ಕೆ ಸಾಸಿವೆ ಕಾಳಿನಷ್ಟು ಸ್ಕ್ರೂ ಕೂರಿಸುತ್ತದೆ. ಅಮ್ಮನ ಕಣ್ಣ ಹತ್ತಿರ ಹೋದಾಗ ಏನಾಗುತ್ತದೋ.

ಓನರ್ ನೋಡಿದರು. "ಏನಮ್ಮ, ಕೈ ಮೇಲೇ ರೂಲ್ಡ್ ಪುಸ್ತಕ ಮಾಡ್ಕೊಂಡಿದೀಯ?"

ತೊಳೆದರೂ ಹೋಗಿಲ್ಲ.

ಮಾರ್ಚ್ 14. ಸಂಜೆ 5.00

ಎಡಗಣ್ಣಿನ ಪೊರೆ ಆಪರೇಷನ್ ಮುಗಿಯಿತು. ಇಪ್ಪತ್ತು ನಿಮಿಷ. ಅಮ್ಮ ಹೊರಗೆ ಬಂದು, "ಇಷ್ಟೇನಾ? ಇದಕ್ಕಾ ಇಷ್ಟು ವರ್ಷ ಹೆದರಿದ್ದು?" ಅಂದಳು. ನಾಳೆ ಪಟ್ಟಿ ಬಿಚ್ಚುತ್ತಾರೆ.

ನರ್ಸ್ ಚೀಟಿ ಕೊಟ್ಟಿದ್ದು ನನ್ನ ಕೈಗೆ. ಡ್ರಾಪ್ಸ್ ದಿನಕ್ಕೆ ಆರು ಸಲ. ಕಣ್ಣಿಗೆ ನೀರು ತಾಗಬಾರದು. ಉಜ್ಜಬಾರದು. ಆರು ವಾರ ಕಾಡಿಗೆ ಹಚ್ಚಬಾರದು — ಇದರ ಕೆಳಗೆ ಎರಡು ಗೆರೆ.

ಓದಿ ಖುಷಿಯಾಯಿತು. ಸುಳ್ಳೇಕೆ ಬರೆಯಲಿ? ಆರು ವಾರ ಯಾರ ಕೈಯೂ ಬೇಡ, ಯಾರ ಬ್ರಷ್ಷೂ ಬೇಡ. ಮನೆಗೆ ಹೋಗಿ ಅತ್ತಿಗೆಯ ಮುಂದೆಯೇ ಗಟ್ಟಿಯಾಗಿ ಓದಬೇಕು ಎಂದುಕೊಂಡೆ. ಚೀಟಿಯನ್ನು ನಾಲ್ಕು ಮಡಿಕೆ ಮಾಡಿ ಬ್ಯಾಗಿಗೆ ಹಾಕಿದೆ.

ಆಟೋದಲ್ಲಿ ಅಮ್ಮ, ನಮ್ಮ ಜೊತೆ ಬಂದಿದ್ದ ಅತ್ತಿಗೆಯ ಕೈ ಹಿಡಿದು ಹೇಳಿದಳು: "ಪಟ್ಟಿ ಬಿಚ್ಚಿ ಎರಡು ದಿನ ಬಿಟ್ಟು ನೀನೇ ಹಚ್ಚಬೇಕು. ಕನ್ನಡೀಲಿ ನನ್ನ ಕಣ್ಣು ನಾನೇ ನೋಡ್ಕೊಂಡು ಎಷ್ಟು ಕಾಲ ಆಯ್ತು. ಮೊದಲ ಸಲ ನಿನ್ನ ಕೈಯಿಂದ್ಲೇ ಆಗ್ಲಿ."

ನಾನು ಈ ಪಕ್ಕ ಕೂತಿದ್ದೆ. ಔಷಧಿ ಚೀಲ ಹಿಡಿದುಕೊಂಡು.

ಮನೆಗೆ ಬಂದು ಡ್ರಾಪ್ಸ್ ಹೇಳಿದೆ. ನೀರು ಹೇಳಿದೆ. ಉಜ್ಜಬಾರದು ಎಂದೂ ಹೇಳಿದೆ.

ಅಷ್ಟೇ ಹೇಳಿದೆ.

ಮಾರ್ಚ್ 17. ಬೆಳಿಗ್ಗೆ 8.20, ಬಸ್ಸಿನಲ್ಲಿ

7.10ಕ್ಕೆ ಸ್ಟೂಲು ಎಳೆದ ಸದ್ದು. ಬಾಗಿಲ ಸಂದಿಯಿಂದ ನೋಡಿದೆ. ಅಮ್ಮ ಮುಖ ಎತ್ತಿ ಕೂತಿದ್ದಾಳೆ. ಅತ್ತಿಗೆ ಬ್ರಷ್ಷನ್ನು ಡಬ್ಬಿಗೆ ಅದ್ದಿದಳು.

"ಹಚ್ಚಬಹುದಾ ಅತ್ತೆ? ಆಸ್ಪತ್ರೇಲಿ ಏನೂ ಹೇಳಿಲ್ವಾ?"

"ಪುಟ್ಟಿ ಕನ್ನಡಕದ ಅಂಗಡಿಯೋಳು. ಬೇಡ ಅಂತಿದ್ರೆ ಅವಳು ಹೇಳ್ತಿರ್ಲಿಲ್ವಾ?"

ಬ್ಯಾಗ್ ನನ್ನ ಹೆಗಲ ಮೇಲಿತ್ತು. ಚೀಟಿ ಅದರ ಒಳಗೆ. ಎರಡು ಹೆಜ್ಜೆ, ಒಂದು ಮಾತು. ಇದೇ ಮಾತನ್ನು ಆಪರೇಷನ್ ಆದ ಗಿರಾಕಿಗಳಿಗೆ ದಿನಾ ಹೇಳುತ್ತೇನೆ, ಬಾಯಿಪಾಠ ಆಗಿದೆ.

ಚಪ್ಪಲಿ ಹಾಕಿಕೊಂಡು ಹೊರಟುಬಿಟ್ಟೆ.

ಒಂದು ದಿನ ಹಚ್ಚಿದರೆ ಏನೂ ಆಗಲಿಕ್ಕಿಲ್ಲ. ಸ್ವಲ್ಪ ಕೆಂಪಾಗಬಹುದು. ಆಗ ಅಮ್ಮನಿಗೇ ಗೊತ್ತಾಗುತ್ತದೆ ಬ್ರಷ್ಷಿನ ಮಹಿಮೆ.

ಮಧ್ಯಾಹ್ನ 12.15

ಅಣ್ಣನಿಗೆ ಮೆಸೇಜ್ ಟೈಪ್ ಮಾಡಿದೆ. ಅಳಿಸಿದೆ. ಸಂಜೆ ಹೇಳಿದರಾಯಿತು.

ರಾತ್ರಿ

ಸಂಜೆ ಅಮ್ಮ ಕನ್ನಡಿ ಮುಂದೆ ಕೂತು ಮುಖವನ್ನು ಆ ಕಡೆ ಈ ಕಡೆ ತಿರುಗಿಸಿ ನೋಡಿಕೊಳ್ಳುತ್ತಿದ್ದಳು. ಹೇಳಲಿಲ್ಲ.

ಮಾರ್ಚ್ 20. ಆಸ್ಪತ್ರೆ

ಬೆಳಿಗ್ಗೆ ಅಮ್ಮನ ಎಡಗಣ್ಣು ತೆರೆಯಲಿಲ್ಲ. ಕೀವು. ರೆಪ್ಪೆ ಊದಿ ಅಂಟಿಕೊಂಡಿತ್ತು. ನೋವಿಗೆ ನನ್ನ ತೋಳು ಹಿಡಿದಳು, ಉಗುರು ಇಳಿದಿದೆ.

ಡಾಕ್ಟರು ಲೈಟ್ ಬಿಟ್ಟು ನೋಡಿದರು. "ಕಾಡಿಗೆ ಹಚ್ಚಿದ್ಯಾರು?"

"ನಾನು" ಅಂದಳು ಅತ್ತಿಗೆ. ತಡವೇ ಮಾಡಲಿಲ್ಲ.

"ಓದೋಕೆ ಬರಲ್ವಾ? ಚೀಟೀಲಿ ಬರೆದುಕೊಟ್ಟಿದ್ವಲ್ಲಮ್ಮ! ಕಣ್ಣು ಹೋದ್ರೆ ಯಾರು ಕೊಡ್ತಾರೆ?"

ಅಣ್ಣ ನನ್ನ ಕಡೆ ತಿರುಗಿದ. "ಚೀಟಿ ನಿನ್ನ ಹತ್ರ ತಾನೇ ಕೊಟ್ಟಿದ್ದು?"

"ಫ್ರಿಜ್ ಬಾಗಿಲಿಗೆ ಸಿಕ್ಕಿಸಿದ್ನಲ್ಲ. ಅವತ್ತೇ."

ನನ್ನ ಬಾಯಿಂದಲೇ ಬಂತು. ಎಷ್ಟು ಸಲೀಸಾಗಿ ಬಂತು.

ಅತ್ತಿಗೆ ನನ್ನನ್ನೇ ನೋಡಿದಳು. ಆಮೇಲೆ ಅಣ್ಣನಿಗೆ, "ಇದ್ದಿರಬಹುದು. ನಾನೇ ನೋಡಿಲ್ಲ" ಅಂದಳು.

ಬಟ್ಟೆ ತರುವ ನೆಪ ಹೇಳಿ ಎಲ್ಲರಿಗಿಂತ ಮೊದಲು ಮನೆಗೆ ಹೋದೆ. ಬ್ಯಾಗಿನಿಂದ ಚೀಟಿ ತೆಗೆದೆ. ತೊಡೆಯ ಮೇಲಿಟ್ಟು ಉಜ್ಜಿದೆ, ಮಡಿಕೆ ಹೋಗಲಿಲ್ಲ. ಫ್ರಿಜ್ಜಿಗೆ ಸಿಕ್ಕಿಸಿದೆ.

ಮಾರ್ಚ್ 21

ಗಂಟೆಗೊಮ್ಮೆ ಡ್ರಾಪ್ಸ್. ಡಾಕ್ಟರು ಇನ್ನೂ ಏನೂ ಹೇಳುತ್ತಿಲ್ಲ.

ಮಾರ್ಚ್ 22

ಅದೇ.

ಮಾರ್ಚ್ 25

ಕಣ್ಣು ಉಳಿಯಿತು. ಉಳಿಯಿತು. ಉಳಿಯಿತು.

ಆಸ್ಪತ್ರೆಯ ಬಾತ್‌ರೂಮಿನಲ್ಲಿ ನಲ್ಲಿ ಬಿಟ್ಟುಕೊಂಡು ಅತ್ತುಬಿಟ್ಟೆ. ಹೊರಗೆ ಬಂದರೆ ಅಣ್ಣ ಅತ್ತಿಗೆಯ ಜೊತೆ ಮಾತಾಡದೆ ದೂರ ನಿಂತಿದ್ದ. ಐದು ದಿನದಿಂದ ಹೀಗೇ.

ಮಾರ್ಚ್ 28

ಅಮ್ಮ ಮನೆಗೆ ಬಂದಳು. ಅತ್ತಿಗೆ ಹಾಲು ತೆಗೆಯಲು ಹೋದವಳು ಫ್ರಿಜ್ ಮುಂದೆ ನಿಂತಳು. ಚೀಟಿಯ ಮಡಿಕೆಯ ಮೇಲೆ ಬೆರಳಾಡಿಸಿದಳು, ಒಂದೊಂದೇ. ಹಾಲು ತೆಗೆದುಕೊಂಡು ಹೋದಳು.

ಏನಾದರೂ ಅಂದುಬಿಡಬಾರದಿತ್ತೇ ಮಹಾರಾಯ್ತಿ.

ಏಪ್ರಿಲ್ 9

ಎಡಗಣ್ಣು ಈಗ ಸ್ವಚ್ಛ. ಅಮ್ಮ ಕಂಡದ್ದನ್ನೆಲ್ಲ ಓದುತ್ತಾಳೆ. ಸೋಪಿನ ಕವರು, ಬಸ್ಸಿನ ನಂಬರು. ಇವತ್ತು ನನ್ನ ಮೊಬೈಲಲ್ಲಿ ಹಳೆಯ ಫೋಟೋ ನೋಡುತ್ತ ಕೂತಳು.

"ಪ್ರತಿ ಫೋಟೋದಲ್ಲೂ ಎಡಗಡೆ ಗೆರೆ ಇಳಿದಿದೆಯಲ್ಲೇ. ಅಳ್ತಾ ಇರೋ ಹಂಗೆ."

ಮೊಬೈಲ್ ವಾಪಸ್ ಕೇಳಿ ಕೈ ಚಾಚಿದೆ.

"ಗೊತ್ತಿತ್ತು ಬಿಡು. ಪಕ್ಕದ ಮನೆಯೋಳು ಆವಾಗ್ಲೇ ಹೇಳಿದ್ಲು, ನಿಮ್ಮ ಮಗಳು ಸೊಟ್ಟ ಹಚ್ತಾಳೆ, ಕರೀರಿ, ನಾನು ಸರಿ ಮಾಡ್ತೀನಿ ಅಂತ. ಇರ್ಲಿ ಬಿಡಮ್ಮ, ನನ್ನ ಮಗಳ ರುಜು ಅದು ಅಂದೆ."

ನಾಲ್ಕು ವರ್ಷ ಹಾಗೇ ಓಡಾಡಿದಳಂತೆ. ಬೇಕೆಂದೇ.

ಇದನ್ನು ಫೆಬ್ರವರಿಯಲ್ಲಿ ಹೇಳಬಾರದಿತ್ತೇ ಅಮ್ಮ?

ಏಪ್ರಿಲ್ 19. ಭಾನುವಾರ

ಬಟ್ಟೆ ಒಣಗಿಸುತ್ತಿದ್ದೆವು, ನಾನು, ಅತ್ತಿಗೆ. ಕ್ಲಿಪ್ ಹಾಕುತ್ತಲೇ ಹೇಳಿದಳು, ಮುಖ ನೋಡದೆ:

"ಹೋದ ತಿಂಗಳು ಹತ್ತೊಂಬತ್ತನೇ ತಾರೀಕು, ಅತ್ತೆ ಕಣ್ಣು ಊದೋ ಹಿಂದಿನ ದಿನ, ಫ್ರಿಜ್ ಒರೆಸಿದ್ದು ನಾನೇ. ಬಾಗಿಲ ಮೇಲೆ ಏನೂ ಇರ್ಲಿಲ್ಲ."

ನನ್ನ ಕೈಯಲ್ಲಿ ಒದ್ದೆ ಟವೆಲ್.

"ನಿಮ್ಮಣ್ಣಂಗೆ ಹೇಳಿಲ್ಲ. ಹೇಳಿದ್ರೆ ಹೊಸಬಳು ಮನೆ ಒಡೀತಾಳೆ ಅಂತಾರೆ. ನಾನು ಕಾದೆ. ನೀವೇ ಹೇಳ್ತೀರಾ ಅಂತ."

ಬಕೆಟ್ ಎತ್ತಿಕೊಂಡು ಒಳಗೆ ಹೋದಳು. ಉಳಿದ ಕ್ಲಿಪ್ಪುಗಳನ್ನೆಲ್ಲ ಅದೊಂದೇ ಟವೆಲ್ಲಿಗೆ ಹಾಕಿದೆ.

ಏಪ್ರಿಲ್ 25

ಚೆಕಪ್. ಆರು ವಾರ ಮುಗಿಯಿತು. "ಇನ್ನು ಹಚ್ಚಬಹುದು, ಹೊಸ ಕಾಡಿಗೆ, ಶುದ್ಧವಾದ ಕೈ" ಅಂದರು ಡಾಕ್ಟರು. ಅಮ್ಮ ದಾರಿಯಲ್ಲೇ ಇಳಿದು ಹೊಸದು ಕೊಂಡಳು.

ಏಪ್ರಿಲ್ 26. ಬೆಳಿಗ್ಗೆ 7.05

ಅಮ್ಮ ಸ್ಟೂಲ್ ಮೇಲೆ ಕೂತಿದ್ದಾಳೆ. ಅತ್ತಿಗೆ ಅಡುಗೆಮನೆ ಬಿಟ್ಟು ಬರುತ್ತಿಲ್ಲ, ಬ್ರಷ್ಷನ್ನು ಎಂದೋ ಎಸೆದಿದ್ದಾಳೆ. ಅಣ್ಣ ಪೇಪರ್ ಹಿಡಿದಿದ್ದಾನೆ.

"ಪುಟ್ಟೀ, ಬಾರೇ. ಸೊಟ್ಟ ಆದ್ರೂ ಆಗ್ಲಿ. ನನ್ನ ಕಣ್ಣಿಗೆ ಇನ್ನು ನಿನ್ನ ಕೈ ಬಿಟ್ಟು ಬೇರೆ ಕೈ ಬೇಡ."

ಅತ್ತಿಗೆಗೂ ಕೇಳಿಸುವಷ್ಟು ಜೋರಾಗಿ ಅಂದಳು. ಒಳಗೆ ಪಾತ್ರೆಯ ಸದ್ದು ನಿಂತಿತು.

ಇದೇ ಮಾತಿಗಾಗಿ ಹಸಿದಿದ್ದೆ. ಸಿಕ್ಕಿತು. ಈಗ ಹೋಗಿ ಹಚ್ಚಿದರೆ ದಿನಾ ಬೆಳಿಗ್ಗೆ ನನ್ನದೇ, ಸಾಯುವ ತನಕ. ಯಾರೂ ಕೇಳುವುದಿಲ್ಲ. ಅತ್ತಿಗೆ ಹೇಳುವುದಿಲ್ಲ.

ಹೇಳಿದರೆ? ಆ ಕಣ್ಣಿಗೆ ಈಗ ಎಲ್ಲ ಕಾಣುತ್ತದೆ. ನನ್ನ ಮುಖ ಅಷ್ಟು ಹತ್ತಿರದಿಂದ ನೋಡುತ್ತದೆ. ಹೇಳಿದ ಮೇಲೂ ಗಲ್ಲ ಎತ್ತಿ ಕೂರುತ್ತಾಳೆಯೇ?

ಫ್ರಿಜ್ಜಿನಿಂದ ಚೀಟಿ ತೆಗೆದುಕೊಂಡೆ. ಅತ್ತಿಗೆ ನೋಡಿದಳು. "ನೀವೂ ಬನ್ನಿ" ಅಂದೆ. ಸೆರಗಿಗೆ ಕೈ ಒರೆಸಿಕೊಳ್ಳುತ್ತಿದ್ದಾಳೆ.

ಅಮ್ಮ ಮತ್ತೆ ಕರೆದಳು. "ಎಷ್ಟೊತ್ತೇ? ಕುತ್ತಿಗೆ ನೋಯ್ತಿದೆ."

ಬಂದೆ ಅಮ್ಮ. ಮೊದಲು ಒಂದು ಮಾತು, ಈ ಚೀಟಿಯ ಬಗ್ಗೆ.