ವಜ್ರಪಾಣಿಯ ಹತ್ತೊಂಬತ್ತನೆಯ ಕಾದಂಬರಿ

ಬಾಗಲಕೋಟೆ
೨೪ ನವೆಂಬರ್ ೧೯೫೭

ಗೆಳೆಯ ಚಮನಸಾಬನಿಗೆ ಪಂಢರೀನಾಥನ ಸಲಾಮು.

ರಂಜಾನಬಿಗೂ ಮಗಳು ಜೋಹರಾಳಿಗೂ ನನ್ನ ನೆನಪು ಹೇಳು. ನಿನ್ನ ಪತ್ರ ಬಂದು ಎರಡು ತಿಂಗಳ ಮೇಲಾಯಿತು. ಶಾಲೆಯ ಪರೀಕ್ಷೆ, ಹೆಂಡತಿ ಅನಸೂಯಾಬಾಯಿಯ ಮೊಣಕಾಲು ನೋವು ಎಂದು ತಡಕ್ಕೆ ಎರಡು ಕಾರಣ ಬರೆದಿದ್ದೆ. ಓದಿ ನೋಡಿದರೆ ಚೆನ್ನಾಗಿಯೇ ಇದ್ದವು. ಆ ಹಾಳೆ ಹರಿದುಹಾಕಿದೆ. ನಂಬುವ ಹಾಗೆ ಕಾರಣ ಕಟ್ಟುವುದು ನನ್ನ ಕಸುಬು. ನಿನ್ನೆದುರಿಗೂ ಅದು ಬೇಡ ಅನ್ನಿಸಿತು. ಕ್ಷಮಿಸು.

ಇಲ್ಲಿ ಎಲ್ಲರ ಬಾಯಲ್ಲಿಯೂ ರಷ್ಯಾದವರು ಆಕಾಶಕ್ಕೆ ಕಳಿಸಿದ ನಾಯಿಯ ಸುದ್ದಿ. ನಮ್ಮ ಹೆಡ್‌ಮಾಸ್ತರರು ಮೊನ್ನೆ ಪ್ರಾರ್ಥನೆಯ ಹೊತ್ತಿಗೆ ಅದರ ಬಗ್ಗೆ ಭಾಷಣ ಮಾಡಿದರು. ಹುಡುಗರ ಸಾಲಿನ ಹಿಂದೆ ನಿಂತು ಕೇಳಿದೆ. ಒಂಬತ್ತು ವರ್ಷದ ಹಿಂದೆ ನಾನು ಚಂದ್ರನಿಗೆ ಮನುಷ್ಯನನ್ನೇ ಕಳಿಸಿದ್ದೆ ಎಂಬುದು ಅಲ್ಲಿ ಯಾರಿಗೂ ಗೊತ್ತಿಲ್ಲ. ಅವನ ಅಂಗಿ ನಿನ್ನದು, ನೆನಪಿದೆಯೆ? ಕೆರೂರಿನ ನಿನ್ನ ಅಂಗಡಿಯಲ್ಲಿ ನಾನು ಮೊದಲ ಅಧ್ಯಾಯ ಓದುತ್ತಿದ್ದಾಗ ನೀನು ಮಶಿನ್ನಿನ ಗಾಲಿ ಹಿಡಿದು ನಿಲ್ಲಿಸಿದೆ. "ಅಲ್ಲಿ ಥಂಡಿ ಹ್ಯಾಂಗ ಲೇ ಪಂಢರಿ? ಭಾಳ ಇದ್ರ ಒಂದು ಬಟ್ಟಿ ಸಾಲಂಗಿಲ್ಲ. ಕೌದಿ ಹಂಗ ಏಳು ಪದರ ಹಾಕಿ ದಾರ ಎಳೀಬೇಕು. ಹೊಲಗಿ ಒಳಮಗ್ಗಲಿಗೆ ಬರಬೇಕು, ಇಲ್ಲಾಂದ್ರ ಗಾಳಿ ಸೋರತೈತಿ." ನೀನು ಹೇಳಿದಂತೆಯೇ ಬರೆದೆ. ಆ ಪುಸ್ತಕದಲ್ಲಿ ನನಗೆ ಇಂದಿಗೂ ನಾಚಿಕೆ ತರದ ಪುಟ ಅದೊಂದೇ.

ಅಂಥವು ನಾಲ್ಕು ಬರೆದೆ. ಸತ್ತವರ ದನಿ ಹಿಡಿಯುವ ಯಂತ್ರ, ಮಲಪ್ರಭೆ ಹಿಂದಕ್ಕೆ ಹರಿದ ವರ್ಷ, ಇತ್ಯಾದಿ. ನಾಲ್ಕನ್ನೂ ಹುಬ್ಬಳ್ಳಿಯ ಗೋದಾಮಿನಲ್ಲಿ ಇಲಿಗಳೇ ಓದಿದವು. ಪ್ರಕಾಶಕರು ಹೇಳಿದರು: "ಮಾಸ್ತರ, ಚಂದ್ರನ ಮ್ಯಾಲ ಗಿರಾಕಿ ಇಲ್ಲ. ಒಂದು ಕೊಲಿ ಮಾಡ್ರಿ." ಮಾಡಿದೆ. ಶಾಲೆಯವರಿಗೆ ತಿಳಿಯಬಾರದೆಂದು ವಜ್ರಪಾಣಿ ಎಂಬ ಹೆಸರಿಟ್ಟುಕೊಂಡೆ. ಹಿಂಬದಿಯ ರಟ್ಟಿಗೆ ಅವರು ಯಾವುದೋ ಹಳೆಯ ಕ್ಯಾಲೆಂಡರಿನಿಂದ ಟೊಪ್ಪಿಗೆ ಹಾಕಿದ, ಚಿರೂಟು ಸೇದುವ ಮನುಷ್ಯನ ಚಿತ್ರ ತೆಗೆದು ಅಂಟಿಸಿದರು. ಅಂದಿನಿಂದ ಅವನು ಬರೆಯುತ್ತಿದ್ದಾನೆ. ಅವನ ನಿಜವಾದ ಹೆಸರು ನನ್ನ ಹೆಂಡತಿಗೆ ಗೊತ್ತು, ಪ್ರಕಾಶಕರಿಗೆ ಗೊತ್ತು, ನಿನಗೆ ಗೊತ್ತು.

ನಮ್ಮ ಕೆಲಸದ ರೀತಿ ನಿನಗೆ ಒಮ್ಮೆ ಹೇಳಿದಾಗ ನೀನು ನಕ್ಕಿದ್ದೆ. ಮುಖಚಿತ್ರ ಮೊದಲು, ಕತೆ ಆಮೇಲೆ. ಮುಂಬಯಿಯಲ್ಲಿ ಬಣ್ಣದ ಚಿತ್ರಗಳು ಒಟ್ಟಿಗೆ ಅಚ್ಚಾಗುತ್ತವೆ. ಅದರಲ್ಲಿ ಒಂದು ನನಗೆ ಟಪಾಲಿನಲ್ಲಿ ಬರುತ್ತದೆ. ಮೂರು ವಾರದಲ್ಲಿ ಅದಕ್ಕೆ ಹೊಂದುವ ಕತೆ ಹೋಗಬೇಕು. "ಅಂಗಿ ಹೊಲದ ಮ್ಯಾಲ ಮನಷ್ಯಾನ್ನ ಹುಡುಕಿದಂಗಾತು" ಅಂದಿದ್ದೆ ನೀನು. ಹತ್ತೊಂಬತ್ತನೆಯದಕ್ಕೆ ಬಂದದ್ದು ಒಂದು ದೊಡ್ಡ ಕತ್ತರಿ, ಅದರ ಬಾಯಲ್ಲಿ ಬಂಗಾರದ ಸರ. ಕತ್ತರಿ ಇದ್ದಲ್ಲಿ ದರ್ಜಿ ಬರಲೇಬೇಕಲ್ಲ. ಪುಣೆಯಲ್ಲಿ ಗಜಾನನ ಎಂಬ ದರ್ಜಿಯನ್ನು ಕೂಡ್ರಿಸಿದೆ. ಕದ್ದ ಸರದ ಗುಂಡುಗಳನ್ನು ಅವನು ಒಂದೊಂದಾಗಿ ಗಿರಾಕಿಗಳ ಕೋಟಿನ ಅಂಚಿನಲ್ಲಿ ಹೊಲಿದು ಬಚ್ಚಿಡುತ್ತಾನೆ.

ಮುಂದಿನದು ನಿನಗೇ ಗೊತ್ತು. ಆದರೂ ಬರೆಯುತ್ತೇನೆ, ಏನಾಯಿತು ಎಂಬುದನ್ನು ಒಮ್ಮೆಯಾದರೂ ನೆಟ್ಟಗೆ ಬರೆಯಬೇಕಾಗಿದೆ. ಆಷಾಢದಲ್ಲಿ ಕೆರೂರಿನ ಸಂತೆಯಲ್ಲಿ ನಿಮ್ಮೂರಿನ ಇಂದ್ರವ್ವನ ಬೋರಮಾಳ, ಬಂಗಾರದ ಗುಂಡಿನ ಸರ, ಕಳೆದಿತ್ತು. ಶ್ರಾವಣದಲ್ಲಿ ನಿನ್ನ ಅಂಗಡಿಯ ಎದುರಿನ ಚಹಾದಂಗಡಿಯಲ್ಲಿ ದೇವಪ್ಪ ನನ್ನ ಪುಸ್ತಕ ಓದಿದ. ಓದಲು ಬಾರದವರು ಸುತ್ತ ಕೂಡುತ್ತಾರೆ, ಅವನು ಗಟ್ಟಿಯಾಗಿ ಓದುತ್ತಾನೆ. ರುಚಿ ಬರಲೆಂದು ಕತೆಯ ಹೆಸರು ತೆಗೆದು ಊರಿನವರ ಹೆಸರು ಹಾಕುವುದು ಅವನ ರೂಢಿ. ಪತ್ತೇದಾರ ಯಾವಾಗಲೂ ದೇವಪ್ಪ ತಾನೇ. ಈ ಸಲ ಗಜಾನನ ಎಂದಿದ್ದಲ್ಲೆಲ್ಲ "ನಮ್ಮ ಚಮನಸಾಬ" ಅಂದ. ಮಂದಿ ನಕ್ಕರು. ಮುಂದಿನ ಸಂತೆಯ ಹೊತ್ತಿಗೆ ನಗೆ ನಿಂತಿತ್ತು, ಮಾತು ಉಳಿದಿತ್ತು.

ನಿನ್ನ ಪತ್ರ ನನ್ನ ಮುಂದೆಯೇ ಇದೆ. "ನಾ ಹೊಲದ ಅಂಗಿ, ಕುಪ್ಪಸ ತಂದು ನನ್ನ ಮುಂದನ ಬ್ಲೇಡಿನಿಂದ ಅಂಚು ಬಿಚ್ಚಿ ನೋಡಿದ್ರು. ನೋಡಿ ಹಂಗ ಒಗದು ಹೋದ್ರು. ಇಲಕಲ್ಲಿನ ಬೀಗರ ಕಿವಿಗೂ ಬಿದ್ದೈತಿ. ಅವರು ಜೋಹರಾನ ಲಗ್ನ ಮುರಿಯೂದರಾಗ ನೀ ಒಂದ ಸಲ ಬಂದು, ನಾಕ ಮಂದಿ ಮುಂದ, ಇದು ಕಟ್ಟಿದ ಕತಿ ಅಂತ ಹೇಳಿ ಹೋಗು." ಇದನ್ನು ಬರೆದವನು ಪಂಢರಿ ಎಂದು ನೀನೇ ಒಂದು ಮಾತು ಆಡಿದ್ದರೆ ಆಗುತ್ತಿತ್ತು. ಆಡಲಿಲ್ಲ. ನನ್ನ ನೌಕರಿಗಾಗಿ ಆಡಲಿಲ್ಲ.

ಎರಡು ವಾರದ ಹಿಂದೆ ಸಂತೆಯ ದಿನ ಕೆರೂರಿಗೆ ಹೋದೆ. ನಿನ್ನ ಅಂಗಡಿಯಲ್ಲಿ ಯಾರೋ ಬೆಲ್ಲದ ಪೆಂಟೆ ಇಟ್ಟುಕೊಂಡು ಕೂತಿದ್ದರು. ಮಶಿನ್ನು ಚಕ್ಕಡಿಯಲ್ಲಿ ಹೇರಿಕೊಂಡು ಹುನಗುಂದಕ್ಕೆ ಭಾವನ ಮನೆಗೆ ಹೋದೆಯೆಂದು ಅವರಿಂದಲೇ ತಿಳಿಯಿತು. ಆದರೂ ಎದುರಿನ ಚಹಾದಂಗಡಿಗೆ ಹೋಗಿ ನಿಂತೆ. ಹದಿನೈದಿಪ್ಪತ್ತು ಮಂದಿ ಇದ್ದರು.

"ಎಲ್ಲಾರೂ ಕೇಳ್ರಿ. ಆ ಕತ್ತರೀ ಕತಿ ಬರದಾಂವ ನಾನು. ಅದರಾಗ ಖರೇ ಅನ್ನೂದು ಒಂದೂ ಇಲ್ಲ. ಚಮನಸಾಬಗೂ ಅದಕ್ಕೂ ಏನೂ ಸಂಬಂಧ ಇಲ್ಲ" ಅಂದೆ.

ದೇವಪ್ಪ ಚಹಾ ಸೋಸುತ್ತಿದ್ದ. "ಕುಂಡ್ರಿ ಮಾಸ್ತರ, ಮೊದಲ ಚಹಾ ಕುಡೀರಿ. ಗೆಳ್ಯಾನ ಸಲುವಾಗಿ ಸುಳ್ಳ ಹೇಳಾಕ ಬಂದೀರಿ, ಮನಸು ದೊಡ್ಡದೈತಿ ನಿಮ್ದು." ಪುಸ್ತಕ ತೆಗೆದು ಹಿಂಬದಿಯ ರಟ್ಟು ತೋರಿಸಿದ. "ವಜ್ರಪಾಣಿ ಅಂದ್ರ ಇಂವ. ಟೊಪಗಿ ನೋಡ್ರಿ, ಚಿರೂಟ ನೋಡ್ರಿ. ನಿಮ್ಮ ಬಾಯಾಗ ಒಂದು ಅಡಿಕಿ ಚೂರರ ಐತೇನ್ರಿ?"

ಎಲ್ಲರೂ ನಕ್ಕರು. ಇಂದ್ರವ್ವನ ಅಣ್ಣ ನೀಲಪ್ಪ ಮಾತ್ರ ನಗಲಿಲ್ಲ. "ತಡೀರಿ, ಅವರ ಬರದಿದ್ರೂ ಬರದಿರಬಹುದು. ದೇವಪ್ಪಾ, ಏನರ ಕೇಳಿ ನೋಡು."

"ಕೇಳೇ ಬಿಡ್ತೇನಿ. ಕಡೀ ಗುಂಡು ಯಾರ ಕೋಟಿನಾಗ ಸಿಗತೈತ್ರಿ?"

"ನ್ಯಾಯಾಧೀಶರ ಕೋಟಿನಾಗ" ಅಂದೆ.

"ಹೋತು! ಡಾಕ್ಟರನ ಕೋಟಿನಾಗ್ರಿ. ನ್ಯಾಯಾಧೀಶ ಬರೂದು ಹೋದ ವರ್ಷದ ಪುಸ್ತಕದಾಗ, ವಿಷದ ಉಂಗುರದ್ದು. ಮಾಸ್ತರ, ಸುಳ್ಳ ಹೇಳೂದಿದ್ರ ಓದಿಕೊಂಡರ ಬರಬೇಕಿಲ್ಲೋ?"

ಅವನದೇ ಸರಿ. ಮೂರು ವಾರದಲ್ಲಿ ಬರೆದದ್ದನ್ನು ನಾಲ್ಕನೆಯ ವಾರಕ್ಕೆ ಮರೆತುಬಿಡುತ್ತೇನೆ. ಮರೆಯದಿದ್ದರೆ ಮುಂದಿನದು ಬರುವುದಿಲ್ಲ. ನನ್ನ ಕೃತಿಗಳನ್ನು ನನಗಿಂತ ಚೆನ್ನಾಗಿ ಬಲ್ಲ ಓದುಗ ಕೆರೂರಿನಲ್ಲಿ ಚಹಾ ಮಾರುತ್ತಾನೆ. ಇನ್ನೊಬ್ಬ ಲೇಖಕನಾದರೆ ಸಂತೋಷಪಡುತ್ತಿದ್ದ.

ಮರುದಿನ ರಜೆ ಹಾಕಿ ಇಲಕಲ್ಲಿಗೆ ಹೋದೆ. ನಿನ್ನ ಬೀಗ ಇಮಾಮಸಾಬ ಮಗ್ಗದ ಕುಣಿಯಲ್ಲಿದ್ದ. ನಾನು ಹೇಳಿದ್ದನ್ನೆಲ್ಲ ಕೇಳಿಸಿಕೊಂಡ. ನಡುವೆ ಎದ್ದುಬಂದು ನೀರು ಕೊಟ್ಟ. ಅವನು ನಂಬಿದ, ಚಮನ್. ಒಂದು ಪ್ರಶ್ನೆಯನ್ನೂ ಕೇಳದೆ ನಂಬಿದ. ಆಮೇಲೆ ಒಂದೇ ಒಂದು ಕೇಳಿದ.

"ಮಗನ ಕಡಿಂದ ಓದಿಸಿ ಕೇಳೇನ್ರಿ ಮಾಸ್ತರ. ಆ ದರ್ಜಿ ಸೂಜಿ ತುಟ್ಯಾಗ ಹಿಡಕೊಂಡ ಮಾತಾಡ್ತಾನ. ಅಂಚು ಎರಡ ಸಲ ಮಡಚಿ ಉಗರಿಲೆ ತೀಡ್ತಾನ. ಗಿರಾಕಿ ಹೋಗೂಮುಂದ ಹೆಗಲ ಮ್ಯಾಲಿನ ದಾರ ಆರಿಸಿ ತಗೀತಾನ. ಇದನ್ನೆಲ್ಲಾ ನೀವು ಯಾರನ್ನ ನೆನಸ್ಕೊಂಡು ಬರದ್ರಿ?"

ಪುಣೆಯಲ್ಲಿ ಒಬ್ಬ ದರ್ಜಿಯನ್ನು ನೋಡಿದ್ದೆ ಎನ್ನಬಹುದಿತ್ತು. ನಾನು ಪುಣೆ ನೋಡಿಲ್ಲ.

"ಬಾಲ್ಯದ ಗೆಳ್ಯಾರಿಗೇ ಅಂವ ಹಂಗ ಕಂಡಾನಂದ್ರ, ಹೊರಗಿನವ್ರು ನಾವು ಏನ ತಿಳ್ಕೊಬೇಕ್ರಿ? ಹುಡಿಗಿಗೆ ಕೊಟ್ಟ ಸೀರಿ ತಿರಗಿ ಬ್ಯಾಡ ಅಂತ ಹೇಳ್ರಿ. ಆಕೀ ತಪ್ಪ ಏನೈತಿ, ಉಟ್ಕೊಳ್ಳಿ." ಇಷ್ಟು ಹೇಳಿ ಲಾಳಿ ಕೈಗೆ ತೆಗೆದುಕೊಂಡ.

ಲಗ್ನ ಮುರಿಯಿತು. ಈ ಸುದ್ದಿ ನಿನಗೆ ನನ್ನಿಂದಲೇ ಮೊದಲು ತಿಳಿಯುತ್ತಿದ್ದರೆ ಅದೂ ನನ್ನದೇ ಕೆಲಸ ಎಂದುಕೋ.

ನಿನ್ನನ್ನು ಕಳ್ಳನೆಂದು ನಾನು ಎಂದೂ ಎಣಿಸಲಿಲ್ಲ. ನನಗೆ ಗೊತ್ತಿರುವ ದರ್ಜಿ ನೀನೊಬ್ಬನೇ. ಚಂದ್ರನ ಅಂಗಿ ಬೇಕಾದಾಗ ನಿನ್ನ ಕೈ ತೆಗೆದುಕೊಂಡೆ, ಕಳವು ಬೇಕಾದಾಗಲೂ ಅದೇ ಕೈ. ಕೇಳಬೇಕೆಂದು ತೋಚಲಿಲ್ಲ. ಮೊದಲನೆಯದರಲ್ಲಿ ನಿನ್ನನ್ನು ಯಾರೂ ಗುರುತಿಸಲಿಲ್ಲ.

ಪ್ರಕಾಶಕರಿಗೆ ನಡೆದದ್ದೆಲ್ಲ ಬರೆದು, ಮುಂದಿನ ಪುಸ್ತಕದಲ್ಲಿ ನನ್ನ ನಿಜ ಹೆಸರಿನಲ್ಲಿ ಒಂದು ತಿದ್ದುಪಡಿ ಹಾಕಿರೆಂದು ಕೇಳಿದೆ. "ಟೊಪಗಿ ಹೋದ್ರ ಪುಸ್ತಕ ಹೋತು, ಮಾಸ್ತರ. ಕೆರೂರ ಕಡೆಯಿಂದ ಇನ್ನೂ ಪ್ರತಿ ಕೇಳ್ಯಾರ, ಭೇಷ್" ಎಂದು ಉತ್ತರ ಬಂತು. ಜೊತೆಗೆ ಹೊಸ ಮುಖಚಿತ್ರ: ಬಾವಿ, ಮೆಟ್ಟಿಲ ಮೇಲೆ ಹೆಣ್ಣಿನ ಒಂದು ಕಾಲುಗೆಜ್ಜೆ. ಇನ್ನು ಬರೆಯುವುದಿಲ್ಲ ಎಂದು ನಿನಗೆ ಹೇಳಬೇಕೆಂದಿದ್ದೆ. ಮೂರು ಅಧ್ಯಾಯ ಆಗಿವೆ.

ಹುನಗುಂದದಲ್ಲಿ ನಿನ್ನ ಮಶಿನ್ನಿಗೆ ಕೆಲಸ ಸಿಗಲಿ. ಜೋಹರಾಳಿಗೆ ನನ್ನ ಆಶೀರ್ವಾದ. ನನ್ನ ಹೆಸರು ಹಿಡಿಯದೆ ಹೇಳುವುದಾದರೆ ಹಾಗೇ ಹೇಳು, ಅದು ಅವಳಿಗೆ ಮುಟ್ಟಲಿ. ನೀನು ಉತ್ತರ ಬರೆಯಬೇಕೆಂದು ಕೇಳುವ ಅಧಿಕಾರ ನನಗಿಲ್ಲ.

ನಿನ್ನ,
ಪಂಢರಿ

ತಾ. ಕ.: ಮೇಲೆ ಒಂದು ಮಾತು ಬಿಟ್ಟಿದ್ದೇನೆ. ಕೆರೂರಿನವರು ನನ್ನನ್ನು ನಂಬದೆ ಹೋದದ್ದು ಟೊಪ್ಪಿಗೆಯಿಂದಲ್ಲ, ಡಾಕ್ಟರನ ಕೋಟಿನಿಂದಲೂ ಅಲ್ಲ. ನಾನು ಎದ್ದು ಹೊರಟಾಗ ದೇವಪ್ಪ ಕೇಳಿದ: "ಅದನ್ನ ನೀವ ಬರದಿದ್ರ ಅವತ್ತ ಯಾಕ ಸುಮ್ಮ ಕುಂತಿದ್ರಿ ಮಾಸ್ತರ? ನಾ ಓದೂಮುಂದ ಹಿಂದಿನ ಬಾಕಿನ ಮ್ಯಾಲ ನೀವೂ ಇದ್ದಿರಿ."

ಇದ್ದೆ. ನಿನ್ನನ್ನು ನೋಡಲೆಂದೇ ಬಂದಿದ್ದೆ. ಲಗ್ನದ ಮಾತಿಗೆ ನೀನು ಇಲಕಲ್ಲಿಗೆ ಹೋಗಿದ್ದೆ, ಅಂಗಡಿಗೆ ಬೀಗವಿತ್ತು. ಬಸ್ಸಿಗೆ ಕಾಯುತ್ತ ಅಲ್ಲಿ ಕೂತೆ. ಹತ್ತೊಂಬತ್ತು ಪುಸ್ತಕದಲ್ಲಿ ನನ್ನ ಬರಹವನ್ನು ಮನುಷ್ಯರು ಕೇಳುವುದನ್ನು ನಾನು ಕಂಡದ್ದು ಅದೇ ಮೊದಲು. ದೇವಪ್ಪ "ನಮ್ಮ ಚಮನಸಾಬ" ಅಂದಾಗ ಎಲ್ಲರೂ ನಕ್ಕರು. ನೀಲಪ್ಪ ನಗದೆ, "ಖರೇನ ದೇವಪ್ಪಾ?" ಎಂದು ಕೇಳಿದ. ಎಲ್ಲರೂ ದೇವಪ್ಪನ ಕಡೆ ತಿರುಗಿದರು. ಆ ಹೊತ್ತಿಗೆ ಒಂದು ಮಾತು ಸಾಕಿತ್ತು. ಆದರೆ ಅಧ್ಯಾಯದ ಕೊನೆಯ ವಾಕ್ಯ ಇನ್ನೂ ಉಳಿದಿತ್ತು. ಅದಕ್ಕೆ ಎರಡು ದಿನ ಕಷ್ಟಪಟ್ಟಿದ್ದೆ. ಅದು ಬಂದಾಗ ಅವರ ಮುಖ ಹೇಗಾಗುತ್ತದೆಂದು ನನಗೆ ನೋಡಬೇಕಾಗಿತ್ತು.

ದೇವಪ್ಪ ಹಾಳೆ ತಿರುವಿದ. ನಾನು ನೀಲಪ್ಪನ ಮುಖ ನೋಡುತ್ತ ಕೂತೆ.